ಸುಣ್ಣದ ನೀರಿನ ವಿವೇಕ

ಪರದೇಶದ ಅಡುಗೆಯನ್ನು ನಮ್ಮ ಒಲೆಯ ಮೇಲೇರಿಸುವಾಗ ಅದರ ರುಚಿಯನ್ನಷ್ಟೇ ತಂದರೆ ಸಾಲದು, ವಿಧಾನವನ್ನೂ ತರಬೇಕೆಂಬುದು ನನ್ನ ಅಭಿಪ್ರಾಯ. ಮೆಕ್ಸಿಕೋ ದೇಶದ ‘ಪೊಸೋಲೆ’ ಎಂಬ ಮುಸುಕಿನ ಜೋಳ ಮತ್ತು ಕೋಳಿಮಾಂಸದ ಸಾರು ಇದಕ್ಕೆ ಉತ್ತಮ ನಿದರ್ಶನ.

ಅಲ್ಲಿನವರು ಒಣಗಿದ ಜೋಳವನ್ನು ಸುಣ್ಣದ ನೀರಿನಲ್ಲಿ ಕುದಿಸಿ, ಸಿಪ್ಪೆ ತೆಗೆದು ಬಳಸುತ್ತಾರೆ. ಇದರಿಂದ ಕಾಳಿನಲ್ಲಿ ಬಂಧಿತವಾದ ನಯಾಸಿನ್ ಜೀವಸತ್ವವು ದೇಹಕ್ಕೆ ದಕ್ಕುತ್ತದೆ. ಯೂರೋಪಿನವರು ಜೋಳವನ್ನು ಕೊಂಡೊಯ್ದರು, ಸುಣ್ಣವನ್ನು ಮರೆತರು. ಜೋಳವನ್ನೇ ನಂಬಿದ ಬಡವರಲ್ಲಿ ಚರ್ಮ ಬಿರಿಯುವ, ಭೇದಿಯಾಗುವ, ಬುದ್ಧಿ ಭ್ರಮಿಸುವ ಪೆಲಾಗ್ರ ರೋಗ ಹಬ್ಬಿತು. ಸ್ಪೇನಿನ ವೈದ್ಯ ಕಸಾಲ್ 1735ರಲ್ಲಿಯೇ ಅದನ್ನು ಗುರುತಿಸಿದ್ದನು. ಆದರೆ ನಯಾಸಿನ್ನಿನ ಮಹತ್ವ ಬೆಳಕಿಗೆ ಬರಲು 1937ರವರೆಗೆ ಕಾಯಬೇಕಾಯಿತು.

ಮನೆಯಲ್ಲಿ ಇದನ್ನು ಮಾಡುವುದು ಕಷ್ಟವೇನಲ್ಲ. ಅರ್ಧ ಕಿಲೋ ಒಣ ಮುಸುಕಿನ ಜೋಳ, 2 ಲೀಟರ್ ನೀರು, ಎಲೆಯಡಿಕೆಗೆ ಬಳಸುವ ಸುಣ್ಣ 1 ಚಹಾ ಚಮಚ. ಉಕ್ಕಿನ ಪಾತ್ರೆಯಲ್ಲಿ ಅರ್ಧ ಗಂಟೆ ಕುದಿಸಿ, ರಾತ್ರಿಯೆಲ್ಲ ಹಾಗೆಯೇ ಬಿಡಿರಿ. ಮರುದಿನ ನಾಲ್ಕೈದು ಸಲ ನೀರು ಬದಲಿಸಿ ತೊಳೆದು, ಸಿಪ್ಪೆಯನ್ನು ಉಜ್ಜಿ ತೆಗೆದು, ಕಾಳು ಹೂವಿನಂತೆ ಅರಳುವವರೆಗೆ ಬೇಯಿಸಿರಿ. ಬಳಿಕ ಕೋಳಿಮಾಂಸ, ಬೆಳ್ಳುಳ್ಳಿ, ರುಬ್ಬಿದ ಒಣಮೆಣಸಿನಕಾಯಿ, ಉಪ್ಪು ಸೇರಿಸಿ ಕುದಿಸಿರಿ. ಬಡಿಸುವಾಗ ಹೆಚ್ಚಿದ ಎಲೆಕೋಸು, ಮೂಲಂಗಿ, ಈರುಳ್ಳಿ ಹಾಗೂ ನಿಂಬೆರಸವಿರಲಿ.

ಆತುರದಲ್ಲಿ ಡಬ್ಬಿಯ ಸಿಹಿಜೋಳ ಸುರಿದರೆ ಅದು ಸಾರಾದೀತು, ಪೊಸೋಲೆಯಾಗಲಾರದು. ಅನ್ಯರನ್ನು ಹೇಳುವುದೇಕೆ? ನಗರಕ್ಕೆ ವಲಸೆ ಬಂದ ನಾವೂ ರಾಗಿಯನ್ನು ತಂದೆವು. ಅದನ್ನು ಮೊಳಕೆ ಬರಿಸಿ, ಹುರಿದು ಹಿಟ್ಟು ಮಾಡುತ್ತಿದ್ದ ಅಜ್ಜಿಯ ತಾಳ್ಮೆಯನ್ನು ಊರಲ್ಲೇ ಬಿಟ್ಟು ಬಂದಿಲ್ಲವೇ?