ಪಾಲಿನ ಬಾವಿ ಪಾಳಿ ಮಿನಿಟಿನ್ಯಾಗ ಬರೀರಿ

ಕೊಣ್ಣೂರ ಕಡೆ ಪಾಲಿನ ಬಾವಿ ಇದ್ದಲ್ಲಿ ನೀರಿನ ಪಾಳಿಗೆ ಜಗಳ ಇದ್ದದ್ದ. ಪಂಪ್‌ಸೆಟ್ಟಿಗೆ ತ್ರೀ ಫೇಸ್ ಕರೆಂಟ್ ದಿನಕ್ಕ 7 ತಾಸು. 7ಕ್ಕ 1×7 ಬಿಟ್ಟರ ಬ್ಯಾರೆ ಗುಣಾಕಾರದ ಜೋಡಿ ಇಲ್ಲ. ಮೂವರು ಅಣ್ತಮ್ಮರು 2 ತಾಸಿನಂಗ ಹಂಚಿಕೊಂಡ್ರ ಉಳಿದ 1 ತಾಸಿಗೆ ಮನಿ ಒಡೀತೈತಿ.

ಅದನ್ನ ಮಿನಿಟ ಮಾಡ್ರಿ, 420. ಈಗ ನೋಡ್ರಿ: 2×210, 3×140, 4×105, 5×84, 6×70. ಎಂಟು ಪಾಲುದಾರರಿದ್ರ ಇವತ್ತು ನಾಕು ಮಂದಿ, ನಾಳೆ ನಾಕು ಮಂದಿ, 105ರಂಗ.

ಆದ್ರ ತಲಿಗೆ ಸಮ ಹಂಚೂದು ನನಗ ಒಪ್ಪಿಗಿಲ್ಲ. ಕಬ್ಬಿಗೆ ನೀರು ಬೇಕಾಗೂದು ಎಕರೆ ಲೆಕ್ಕದಾಗ. ಬಾವಿ ಕೆಳಗ 10 ಎಕರೆ ಇದ್ರ ಎಕರೆಗೆ 42 ಮಿನಿಟ. 6, 3, 1 ಎಕರೆದವರಿಗೆ 252, 126, 42. ನಡುವ ಕರೆಂಟ್ ಹೋತಂದ್ರ ಯಾರ ಪಾಳಿ ನಿಂತಿತ್ತೋ ಮರುದಿನ ಅವರಿಂದನ ಸುರು. ಇದನ್ನೂ ವಾಟ್ನಿ ಕಾಗದದಾಗ ಬರೆಸ್ರಿ.