‘ಪ್ಯಾರಮೂರ್’ಗೆ ಕನ್ನಡ ಯಾವುದು?

ಇಂಗ್ಲಿಷಿನಿಂದ ಕನ್ನಡಕ್ಕೆ ಅನುವಾದ ಮಾಡಲು ಕುಳಿತ ನಮ್ಮಂಥವರನ್ನು ಕೆಲವು ಹಳೆಯ ಪದಗಳು ತಡೆದು ನಿಲ್ಲಿಸುತ್ತವೆ: ಪ್ಯಾರಮೂರ್, ಕಾಂಕ್ಯುಬೈನ್, ಮಿಸ್ಟ್ರೆಸ್, ಸ್ಪಿನ್‌ಸ್ಟರ್. ಜಾರ, ಉಪಪತ್ನಿ, ಇಟ್ಟುಕೊಂಡವಳು ಎಂಬ ಸಿದ್ಧ ಉತ್ತರಗಳು ಕೈಗೆ ಸುಲಭವಾಗಿ ಸಿಗುತ್ತವೆ. ಅವನ್ನು ಯೋಚಿಸದೆ ಎತ್ತಿಕೊಳ್ಳಬಾರದೆಂಬುದು ನಮ್ಮ ಅಭಿಪ್ರಾಯ. ಏಕೆಂದರೆ ಈ ಪದಗಳು ಸಂಬಂಧವನ್ನು ಹೆಸರಿಸುವ ನೆಪದಲ್ಲಿ ಅದರ ಮೇಲೆ ತೀರ್ಪು ಕೊಟ್ಟುಬಿಡುತ್ತವೆ.

ಹುಟ್ಟುವಾಗ ಅವು ಹೀಗಿರಲಿಲ್ಲ. ‘ಪ್ಯಾರಮೂರ್’ ಎಂಬುದು ‘ಪ್ರೀತಿಯಿಂದ’ ಎಂಬರ್ಥದ ಹಳೆಯ ಫ್ರೆಂಚ್ ನುಡಿಗಟ್ಟು. ಮಧ್ಯಯುಗದ ಇಂಗ್ಲಿಷಿನಲ್ಲಿ ಭಕ್ತರು ಕ್ರಿಸ್ತನನ್ನೂ ಮಾತೆ ಮೇರಿಯನ್ನೂ ಈ ಪದದಿಂದ ಕರೆದದ್ದುಂಟು. ಹದಿನಾಲ್ಕನೆಯ ಶತಮಾನ ಮುಗಿಯುವುದರೊಳಗೆ ಅದಕ್ಕೆ ಕಳ್ಳಸಂಬಂಧದ ಅರ್ಥ ಅಂಟಿತು. ‘ಪ್ರಿಯ ವ್ಯಕ್ತಿ’ ಎಂಬ ಮೂಲಾರ್ಥದ ‘ಲೆಮನ್’ ಕೂಡ ಅದೇ ಹಾದಿ ಹಿಡಿಯಿತು. ‘ಲಸ್ಟ್’ ಎಂದರೆ ಮೊದಲು ಬರಿಯ ಸಂತೋಷ, ‘ಮಿಸ್ಟ್ರೆಸ್’ ಎಂದರೆ ಮನೆಯೊಡತಿ, ‘ಸ್ಪಿನ್‌ಸ್ಟರ್’ ಎಂದರೆ ನೂಲುವವಳು. ಒಡತಿಗೆ ಕಳಂಕ ಬಂದರೂ ‘ಮಾಸ್ಟರ್’ ಒಡೆಯನಾಗಿಯೇ ಉಳಿದ. ‘ಸ್ಪಿನ್‌ಸ್ಟರ್’ ಮರುಕದ ಪದವಾದರೂ ‘ಬ್ಯಾಚಲರ್’ ತಲೆ ಎತ್ತಿ ನಡೆದ.

ಥಾಮಸ್ ಹಾರ್ಡಿ ಈ ಅನ್ಯಾಯವನ್ನು ಬಲ್ಲವನಾಗಿದ್ದ. ಮದುವೆಯಿಲ್ಲದೆ ತಾಯಿಯಾದ ಟೆಸ್‌ಳನ್ನು 1891ರ ಕಾದಂಬರಿಯ ಉಪಶೀರ್ಷಿಕೆಯಲ್ಲೇ ಆತ ಪರಿಶುದ್ಧೆಯೆಂದು ಕರೆದ. ಆ ಒಂದು ವಿಶೇಷಣವೇ ಹಲವರನ್ನು ಕೆರಳಿಸಿತು.

ಇಂಗ್ಲೆಂಡಿನಲ್ಲಿ ‘ಕ್ರಿಮಿನಲ್ ಕಾನ್ವರ್ಸೇಶನ್’ ಎಂಬ ದಾವೆಯೂ ಇತ್ತು. ಹೆಸರಿನಲ್ಲಿ ಸಂಭಾಷಣೆಯಿದ್ದರೂ, ತನ್ನ ಹೆಂಡತಿಯನ್ನು ಕೂಡಿದವನಿಂದ ಗಂಡನು ಪರಿಹಾರಧನ ಕೇಳುವ ದಾವೆಯದು. ಅಲ್ಲಿ ಅದು 1857ರಲ್ಲಿ ರದ್ದಾಯಿತು. ಹೆಂಡತಿ ಗಂಡನ ಸೊತ್ತು ಎಂಬ ಅದೇ ದೃಷ್ಟಿ 1860ರ ಭಾರತ ದಂಡಸಂಹಿತೆಯ 497ನೆಯ ಕಲಮಿನಲ್ಲಿ ನೆಲೆಯೂರಿತು. ನಮ್ಮ ಸರ್ವೋಚ್ಚ ನ್ಯಾಯಾಲಯ ಅದನ್ನು ತೊಡೆದುಹಾಕಿದ್ದು 2018ರಲ್ಲಿ. ಅದೇ ನ್ಯಾಯಾಲಯದ 2010ರ ತೀರ್ಪೊಂದರಲ್ಲಿ ‘ಕೀಪ್’ ಎಂಬ ಪದ ಬಂದಾಗ ಹಿರಿಯ ವಕೀಲೆ ಇಂದಿರಾ ಜೈಸಿಂಗ್ ಆಕ್ಷೇಪಿಸಿದ್ದರು. 2023ರಲ್ಲಿ ನ್ಯಾಯಾಲಯವೇ ಕೈಪಿಡಿಯೊಂದನ್ನು ಹೊರತಂದು ಕಾಂಕ್ಯುಬೈನ್, ಕೀಪ್, ಸ್ಪಿನ್‌ಸ್ಟರ್ ಮೊದಲಾದ ಪದಗಳನ್ನು ಕೈಬಿಡಬೇಕೆಂದಿತು.

ಕನ್ನಡದಲ್ಲಿ ಬರೆಯುವ ನಾವು ಮಾತ್ರ ಇನ್ನೂ ಹಿಂದೆ ಇದ್ದೇವೆ. ಸುದ್ದಿಯೊಂದರಲ್ಲಿ ಗಂಡು ಹೆಣ್ಣಿನ ನಡುವೆ ಮದುವೆಯ ಹೊರಗಿನ ಸಂಬಂಧವಿತ್ತೆಂದರೆ ಸಾಕು, ‘ಅನೈತಿಕ ಸಂಬಂಧ’ವೆಂದು ಬರೆದು ಮುಗಿಸುತ್ತೇವೆ. ಅದು ವರದಿಯಲ್ಲ, ತೀರ್ಪು. ಹಾಗೆಂದು ನಮ್ಮಲ್ಲಿ ಪದಗಳಿಗೆ ಬರವಿಲ್ಲ. ನಲ್ಲ, ನಲ್ಲೆ, ಇನಿಯ ಎಂಬ ಮಾತುಗಳಿವೆ. ‘ನಲ್’ ಎಂದರೆ ಒಳ್ಳೆಯದು, ‘ಇನಿ’ ಎಂದರೆ ಸಿಹಿ. ಇವು ಗಂಡನಿಗೂ ಸಲ್ಲುತ್ತವೆ, ಪ್ರೇಮಿಗೂ ಸಲ್ಲುತ್ತವೆ. ತಾಳಿಯ ವಿಷಯ ಕೇಳುವುದಿಲ್ಲ. ಲೆಮನ್‌ನಂತೆ ಇವು ಕೆಳಗೆ ಬೀಳಲಿಲ್ಲವೆಂಬುದು ನಮ್ಮ ಭಾಷೆಯ ಭಾಗ್ಯ.

ಹಳೆಯ ಕೃತಿಗಳ ಮೊನಚನ್ನು ಹೀಗೆ ಮೃದುಗೊಳಿಸುವುದು ವಂಚನೆಯಲ್ಲವೇ ಎಂದು ಕೇಳಬಹುದು. ಹೌದು, ವಂಚನೆಯೇ. ಹಳೆಯ ಕಾದಂಬರಿಯ ಪಾದ್ರಿ ಬೈದರೆ ಕನ್ನಡದಲ್ಲೂ ಅವನು ಬೈಯಲೇಬೇಕು. ಆ ಕಾಲದ ಕ್ರೌರ್ಯ ಓದುಗರಿಗೆ ತಿಳಿಯಬೇಕು. ಆದರೆ ಪಾತ್ರದ ಬಾಯಿಯ ಮಾತು ಬೇರೆ, ನಮ್ಮ ಬಾಯಿಯ ಮಾತು ಬೇರೆ. ಇಂದಿನ ಜನರ ಕುರಿತು ನಾವೇ ಬರೆಯುವಾಗ ಪಾದ್ರಿಯ ಪೀಠವನ್ನು ಏರಬೇಕಾಗಿಲ್ಲ.

ಇದು ಪುಸ್ತಕಕ್ಕಷ್ಟೇ ಸಂಬಂಧಿಸಿದ ಚರ್ಚೆಯೂ ಅಲ್ಲ. ಮುಂಬಯಿ, ಪುಣೆ, ದೆಹಲಿಗಳಲ್ಲಿ ನೆಲೆಸಿರುವ ನಮ್ಮ ಮಕ್ಕಳಲ್ಲಿ ಕೆಲವರು ಮದುವೆಯಿಲ್ಲದೆ ಒಟ್ಟಿಗೆ ಬಾಳುತ್ತಿದ್ದಾರೆ. ಒಪ್ಪುವುದು, ಬಿಡುವುದು ಆಯಾ ಮನೆಯ ಮಾತು. ಆದರೆ ಊರಿನಿಂದ ಬಂದ ಹಿರಿಯರು ‘ಆ ಹುಡುಗ ಯಾರು?’ ಎಂದು ಕೇಳಿದಾಗ ನಾವು ತಡವರಿಸಿ ‘ಫ್ರೆಂಡ್’ ಎನ್ನುತ್ತೇವೆ. ಕನ್ನಡದಲ್ಲಿ ಹೇಳಲು ಗೌರವದ ಮಾತೊಂದೂ ಇಲ್ಲವೆಂದು ಮಕ್ಕಳು ಭಾವಿಸಿದರೆ, ಮನಸ್ಸಿಗೆ ಹತ್ತಿರವಾದುದನ್ನೆಲ್ಲ ಅವರು ಇಂಗ್ಲಿಷಿನಲ್ಲೇ ಹೇಳಿಕೊಳ್ಳುತ್ತಾರೆ. ‘ಅವಳ ಸಂಗಾತಿ’ ಎನ್ನಲು ನಾವು ಕಲಿಯೋಣ. ಆ ಪದ ನಮ್ಮಲ್ಲಿ ಮೊದಲಿನಿಂದಲೂ ಇದೆ.