ವಾಡಿ ಜಂಕ್ಷನ್ನಿನಲ್ಲಿ ಕಿರುತೆರೆ ನಿಲ್ಲುವುದಿಲ್ಲವೇ?

ಗೆಳೆಯರೇ, ಇವತ್ತು ರಾತ್ರಿ ಏಳರಿಂದ ಹತ್ತರವರೆಗೆ ಯಾವುದಾದರೊಂದು ಕನ್ನಡ ಚಾನೆಲ್ ಹಾಕಿಕೊಂಡು ಕೂತುಕೊಳ್ಳಿ. ಕೈಯಲ್ಲೊಂದು ಹಾಳೆ, ಪೆನ್ನು ಇರಲಿ. ‘ಏನ್ ಮಾಡ್ಲಕತ್ತೀರಿ?’ ಎಂದು ಕೇಳುವ ಪಾತ್ರ ತೆರೆಯ ಮೇಲೆ ಬಂದಾಗಲೆಲ್ಲ ಒಂದು ಗೆರೆ ಎಳೆಯಿರಿ. ಹುಟ್ಟಿದ ಬಣ್ಣದಲ್ಲೇ ಕಪ್ಪಗಿರುವ ನಾಯಕಿ ಬಂದಾಗಲೆಲ್ಲ ಇನ್ನೊಂದು ಕಡೆ ಒಂದು ಗೆರೆ. ಹತ್ತು ಗಂಟೆಗೆ ಟಿ.ವಿ. ಆರಿಸಿ ಹಾಳೆ ನೋಡಿಕೊಳ್ಳಿ. ಅಪ್ಪಿತಪ್ಪಿ ಮೊದಲ ಸಾಲಿನಲ್ಲಿ ಗೆರೆ ಬಿದ್ದಿದ್ದರೆ, ಆ ಮಾತಾಡಿದವರು ಯಾರಾಗಿದ್ದರು ಎನ್ನುವುದನ್ನೂ ಪಕ್ಕದಲ್ಲಿ ಬರೆಯಿರಿ. ಗೇಟು ಕಾಯುವವನೇ? ಮನೆಗೆಲಸದವಳೇ? ಶ್ರೀಮಂತರ ಬಂಗಲೆಗೆ ಹಳ್ಳಿಯಿಂದ ಬಂದು, ಬಾಯಿ ತೆರೆದರೆ ಸಾಕು ಎಲ್ಲರನ್ನೂ ನಗಿಸುವ ದಡ್ಡನೇ?

ಆ ಮಾತು ಯಾರದು ಗೊತ್ತೇ? ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ, ಚಿಂಚೋಳಿಯ ಜನರದು. ನೀವು ಕೂತಿರುವ ಮನೆಯ ಗೋಡೆಗೆ ವಾಡಿಯ ಸಿಮೆಂಟೋ ಸೇಡಮ್ಮಿನ ಸಿಮೆಂಟೋ ಮೆತ್ತಿರಬಹುದು. ಕಾಲ ಕೆಳಗೆ ಶಹಾಬಾದದ ಹಾಸುಗಲ್ಲು ಇರಬಹುದು. ಮಧ್ಯಾಹ್ನ ಉಂಡ ಸಾರಿನ ಬೇಳೆ ಆ ಕಡೆಯ ಹೊಲದ ತೊಗರಿಯೇ ಇದ್ದೀತು. ಕಲ್ಲು ಬೇಕು, ಸಿಮೆಂಟು ಬೇಕು, ಬೇಳೆ ಬೇಕು. ಆ ಜನರ ಮುಖ ಮಾತ್ರ ಬೇಡ, ಮಾತು ಬೇಡ!

ಇದರಲ್ಲೊಂದು ಕ್ರೂರ ತಮಾಷೆ ಇದೆ. ಟಿ.ವಿ. ಎಂಬ ಪೆಟ್ಟಿಗೆ ಕರ್ನಾಟಕದಲ್ಲಿ ಮೊದಲು ಬಂದದ್ದು ಬೆಂಗಳೂರಿನ ದಿವಾನಖಾನೆಗಳಿಗಲ್ಲ, ಇದೇ ಸೀಮೆಗೆ. ೧೯೭೫ರ ಆಗಸ್ಟ್ ೧ರಂದು, ತುರ್ತು ಪರಿಸ್ಥಿತಿಯ ಕಾಲದಲ್ಲಿ, ಭಾರತ ಸರ್ಕಾರ ಉಪಗ್ರಹ ಬೋಧನಾ ಟಿ.ವಿ. ಪ್ರಯೋಗ ಶುರು ಮಾಡಿತು. ‘ಸೈಟ್’ ಎಂದು ಅದನ್ನು ಕರೆದರು. ಅಮೆರಿಕದ ನಾಸಾ ಸಂಸ್ಥೆ ತನ್ನ ಎ.ಟಿ.ಎಸ್.-೬ ಉಪಗ್ರಹವನ್ನು ಒಂದು ವರ್ಷದ ಮಟ್ಟಿಗೆ ಎರವಲು ಕೊಟ್ಟಿತು. ಆರು ರಾಜ್ಯಗಳ ಸುಮಾರು ೨೪೦೦ ಹಳ್ಳಿಗಳನ್ನು ಆರಿಸಿದರು. ಕರ್ನಾಟಕದಿಂದ ಆರಿಸಿದ್ದು ಗುಲಬರ್ಗಾ, ರಾಯಚೂರು, ಬಿಜಾಪುರ ಜಿಲ್ಲೆಗಳ ಹಳ್ಳಿಗಳನ್ನು. ಕೋಳಿಗೂಡಿನ ತಂತಿ ಬಲೆಯಂಥ ಬಲೆ ಹೊದೆಸಿದ, ಹತ್ತು ಅಡಿ ಅಗಲದ ಆಂಟೆನಾ ಹಳ್ಳಿಯಲ್ಲಿ ನಿಂತಿತು. ಕೆಲವು ಕಡೆ ಕರೆಂಟೇ ಇರಲಿಲ್ಲ, ಬ್ಯಾಟರಿಯ ಮೇಲೆ ಟಿ.ವಿ. ಓಡಿತು. ಬೆಳಿಗ್ಗೆ ಶಾಲೆಯ ಮಕ್ಕಳಿಗೆ ಪಾಠ, ಸಂಜೆ ದೊಡ್ಡವರಿಗೆ ಬೇಸಾಯ, ಆರೋಗ್ಯ, ಕುಟುಂಬ ಯೋಜನೆ. ಎಲ್ಲರಿಗೂ ಸೇರಿಸಿ ಅರ್ಧ ಗಂಟೆ ಹಿಂದಿ. ಹಿಂದಿ ಹೇರಿಕೆಯ ಇತಿಹಾಸ ಬರೆಯುವವರು ಆ ಅರ್ಧ ಗಂಟೆಯನ್ನೂ ಲೆಕ್ಕಕ್ಕೆ ಹಿಡಿಯಲಿ.

ಕನ್ನಡದ ಕಾರ್ಯಕ್ರಮಗಳು ತಯಾರಾಗುತ್ತಿದ್ದದ್ದು ಎಲ್ಲಿ? ಹೈದರಾಬಾದಿನಲ್ಲಿ! ತೆಲುಗು ಮತ್ತು ಕನ್ನಡಕ್ಕೆ ಅಲ್ಲೇ ಒಂದು ತಯಾರಿಕಾ ಕೇಂದ್ರ ಇತ್ತು. ೧೯೪೮ರವರೆಗೆ ನಿಜಾಮನ ಆಳ್ವಿಕೆಯಲ್ಲಿ ಹೈದರಾಬಾದಿನ ಅಪ್ಪಣೆ ಕೇಳಿದ ಜನ, ೧೯೫೬ರಲ್ಲಿ ಕನ್ನಡ ನಾಡಿಗೆ ಸೇರಿದ ಮೇಲೂ, ೧೯೭೫ರಲ್ಲಿ ಟಿ.ವಿ. ನೋಡಲು ಮತ್ತೆ ಹೈದರಾಬಾದಿನ ಕಡೆಗೇ ಮುಖ ಮಾಡಬೇಕಾಯಿತು. ಅಲ್ಲಿ ಕೆಲಸ ಮಾಡಿದವರನ್ನು ದೂರುವುದಕ್ಕೆ ಈ ಮಾತಲ್ಲ. ಆ ಇಡೀ ಏರ್ಪಾಟಿನ ಒಳಗೇ ಒಂದು ನಿರ್ಧಾರ ಅಡಗಿತ್ತು. ಈ ಜನ ಹಿಂದುಳಿದವರು, ಇವರಿಗೆ ಕಲಿಸಬೇಕು. ಇವರು ಕೇಳಬೇಕು, ನಾವು ಹೇಳಬೇಕು. ಟಿ.ವಿ.ಯ ಮುಂದೆ ಅವರಿಗೆ ಜಾಗ ಕೊಟ್ಟರು, ಒಳಗೆ ಕೊಡಲಿಲ್ಲ.

ಬೇರೆ ದಾರಿ ಇರಲಿಲ್ಲವೇ? ಇತ್ತು. ಅದೇ ಕಾಲದಲ್ಲಿ ಗುಜರಾತಿನ ಖೇಡಾ ಜಿಲ್ಲೆಯಲ್ಲಿ ಇಸ್ರೋದವರು ಪಿಜ್ ಎಂಬ ಹಳ್ಳಿಯಲ್ಲಿ ಒಂದು ಸಣ್ಣ ಟ್ರಾನ್ಸ್‌ಮಿಟರ್ ಇಟ್ಟರು. ಅಲ್ಲಿನ ಜನರ ಸಮಸ್ಯೆಗಳನ್ನೇ ಅಲ್ಲಿನ ಆಡುನುಡಿಯಲ್ಲಿ ತೋರಿಸಿದರು, ಹಳ್ಳಿಯವರಿಂದಲೇ ಪಾತ್ರ ಮಾಡಿಸಿದರು. ೧೯೮೪ರಲ್ಲಿ ಯುನೆಸ್ಕೋ ಆ ಕೆಲಸಕ್ಕೆ ಪ್ರಶಸ್ತಿ ಕೊಟ್ಟಿತು. ಅಂದರೆ, ಹಳ್ಳಿಯ ಮಾತು ಟಿ.ವಿ.ಗೆ ಒಗ್ಗುವುದಿಲ್ಲ ಎಂಬ ವಾದ ಐವತ್ತು ವರ್ಷದ ಹಿಂದೆಯೇ ಬಿದ್ದುಹೋಗಿದೆ. ಬಿದ್ದ ವಾದವನ್ನು ನಮ್ಮ ಚಾನೆಲ್ಲಿನವರು ಇನ್ನೂ ಎತ್ತಿ ನಿಲ್ಲಿಸುತ್ತಿದ್ದಾರೆ ಅಷ್ಟೇ.

ಸೈಟ್ ೧೯೭೬ರ ಜುಲೈ ೩೧ಕ್ಕೆ ಮುಗಿಯಿತು. ೧೯೭೭ರಲ್ಲಿ ಗುಲಬರ್ಗಾದಲ್ಲಿ ದೂರದರ್ಶನದ ಟ್ರಾನ್ಸ್‌ಮಿಟರ್ ಬಂತು. ಬೆಂಗಳೂರಿಗೆ ದೂರದರ್ಶನ ಬಂದದ್ದು ೧೯೮೧ರ ನವೆಂಬರ್ ೧ಕ್ಕೆ. ನಾಲ್ಕು ವರ್ಷ ಮೊದಲು! ಆದರೂ ಇವತ್ತು ಕನ್ನಡ ಕಿರುತೆರೆಯ ಇತಿಹಾಸ ಎಂದರೆ ಬೆಂಗಳೂರಿನಿಂದಲೇ ಎಣಿಸಲು ಶುರು ಮಾಡುತ್ತಾರೆ. ೧೯೯೪ರಲ್ಲಿ ಉದಯ ಬಂತು, ೨೦೦೦ದಲ್ಲಿ ಈಟಿವಿ ಬಂತು, ಆಮೇಲೆ ಸಾಲು ಸಾಲು ಚಾನೆಲ್ಲುಗಳು. ಉದಯದ ಧಣಿಗಳು ಚೆನ್ನೈಯವರು, ಈಟಿವಿಯವರು ಹೈದರಾಬಾದಿನವರು. ಧಣಿ ಎಲ್ಲಿಯವನಾದರೂ ಆಗಲಿ, ತೆರೆಯ ಮೇಲೆ ‘ಕನ್ನಡ’ ಎಂದು ನಿಂತದ್ದು ಬೆಂಗಳೂರು–ಮೈಸೂರಿನ ಮಧ್ಯಮ ವರ್ಗದ ಮನೆಯ ಮಾತು. ಉಳಿದವೆಲ್ಲ ‘ಸ್ಲ್ಯಾಂಗು’. ಈಟಿವಿಯಲ್ಲಿ ವೈಶಾಲಿ ಕಾಸರವಳ್ಳಿಯವರು ‘ಮೂಡಲ ಮನೆ’ ಮಾಡಿದಾಗ ಉತ್ತರ ಕರ್ನಾಟಕದ ಮಾತು ಮನೆಮನೆಯ ನಡುಮನೆಯಲ್ಲಿ ಗೌರವದಿಂದ ಕೂತಿತು. ಜನ ನೋಡಿದರು, ಮೆಚ್ಚಿದರು. ‘ಅರ್ಥವಾಗುವುದಿಲ್ಲ’ ಎಂದು ಯಾರೂ ಸೆಟ್ ಒಡೆಯಲಿಲ್ಲ. ಆದರೆ ಅದು ಧಾರವಾಡದ ಕಡೆಯ ಮಾತು. ನಮ್ಮ ಧಾರಾವಾಹಿಗಳ ಭೂಪಟದಲ್ಲಿ ಉತ್ತರ ಎಂದರೆ ಹುಬ್ಬಳ್ಳಿ–ಧಾರವಾಡಕ್ಕೆ ಮುಗಿಯಿತು. ಅಲ್ಲಿಂದಾಚೆ ವಾಡಿ ಜಂಕ್ಷನ್ ಇದೆ, ಅಲ್ಲಿ ರೈಲು ನಿಲ್ಲುತ್ತದೆ, ಜನ ಇಳಿಯುತ್ತಾರೆ ಎಂಬುದೇ ಇವರಿಗೆ ತಿಳಿದಿಲ್ಲ.

‘ಶುದ್ಧ ಕನ್ನಡ’ ಎಂದು ಮೂಗು ಮುರಿಯುವ ಮಹನೀಯರಿಗೆ ಒಂದು ಮಾತು. ಸೇಡಂ ತಾಲೂಕಿನಲ್ಲಿ ಕಾಗಿಣಾ ನದಿಯ ದಂಡೆಗೆ ಮಳಖೇಡ ಎಂಬ ಊರಿದೆ. ಅದೇ ಮಾನ್ಯಖೇಟ, ರಾಷ್ಟ್ರಕೂಟರ ರಾಜಧಾನಿ. ನೃಪತುಂಗನ ಆಸ್ಥಾನದಲ್ಲಿ, ಒಂಬತ್ತನೇ ಶತಮಾನದಲ್ಲಿ, ‘ಕವಿರಾಜಮಾರ್ಗ’ ಹುಟ್ಟಿತು. ನಮಗೆ ಸಿಕ್ಕಿರುವ ಕನ್ನಡದ ಮೊದಲ ಗ್ರಂಥ ಅದು. ಕಾವೇರಿಯಿಂದ ಗೋದಾವರಿಯವರೆಗಿನ ನಾಡನ್ನು ಅದು ಹೇಳಿದ್ದನ್ನು ನಾವೆಲ್ಲ ವೇದಿಕೆಯ ಮೇಲೆ ನಿಂತು ಎದೆ ತಟ್ಟಿ ಹೇಳುತ್ತೇವೆ. ಅದೇ ಗ್ರಂಥ ಇನ್ನೊಂದು ಸಂಗತಿಯನ್ನೂ ಹೇಳಿದೆ. ಕನ್ನಡ ಒಂದಲ್ಲ, ಹಲವು. ಪ್ರದೇಶಕ್ಕೊಂದು ಬಗೆಯ ಆ ದೇಸಿಗಳನ್ನು ಎಣಿಸಹೊರಟರೆ ಸಾವಿರ ನಾಲಗೆಯ ವಾಸುಕಿಗೂ ಬೇಸರ ಬಂದೀತು ಎಂದು. ಸಾವಿರದ ಇನ್ನೂರು ವರ್ಷದ ಹಿಂದೆ ಸೇಡಂ ಸೀಮೆಯ ಆಸ್ಥಾನದಲ್ಲಿ ಒಪ್ಪಿಕೊಂಡದ್ದನ್ನು ಇವತ್ತಿನ ಬೆಂಗಳೂರಿನ ಸ್ಕ್ರಿಪ್ಟ್ ಮೀಟಿಂಗಿನಲ್ಲಿ ಒಪ್ಪುವುದಿಲ್ಲ!

ಇದು ಬರೀ ಮಾತಿನ ಪ್ರಶ್ನೆಯಲ್ಲ ಗೆಳೆಯರೇ, ಬಣ್ಣದ ಪ್ರಶ್ನೆಯೂ ಹೌದು. ಸೈಟ್ ಬಂದ ೧೯೭೫ರಲ್ಲೇ ‘ಫೇರ್ ಅಂಡ್ ಲವ್ಲಿ’ ಕ್ರೀಮೂ ಭಾರತದ ಮಾರುಕಟ್ಟೆಗೆ ಬಂತು. ಉಪಗ್ರಹ ಒಂದೇ ವರ್ಷಕ್ಕೆ ಹೋಯಿತು, ಕ್ರೀಮು ಉಳಿಯಿತು. ಜಗತ್ತಿನಲ್ಲೆಲ್ಲ ವರ್ಣಭೇದದ ವಿರುದ್ಧ ಕೂಗೆದ್ದ ೨೦೨೦ರಲ್ಲಿ ಅದರ ಹೆಸರು ‘ಗ್ಲೋ ಅಂಡ್ ಲವ್ಲಿ’ ಆಯಿತು. ಹೆಸರು ಬದಲಾಯಿತು ಅಷ್ಟೇ. ಬಿಸಿಲಲ್ಲಿ ಕಲ್ಲು ಒಡೆಯುವ ಶಹಾಬಾದದ ಹೆಣ್ಣುಮಗಳ ಬಣ್ಣ ನಾಯಕಿಯ ಬಣ್ಣವಾಗಲಿಲ್ಲ. ಕಥೆಗೆ ಕಪ್ಪು ಹುಡುಗಿಯೇ ಬೇಕಾದಾಗ ಏನು ಮಾಡುತ್ತಾರೆ? ಬಿಳಿ ನಟಿಯನ್ನು ತಂದು ಮಸಿ ಬಳಿಯುತ್ತಾರೆ! ದಕ್ಷಿಣದ ಭಾಷೆಗಳ ಧಾರಾವಾಹಿಗಳಲ್ಲಿ ಇದೊಂದು ರೂಢಿಯಾಗಿಬಿಟ್ಟಿದೆ. ಕಪ್ಪು ಬಣ್ಣದ ಬಗ್ಗೆ ಕಣ್ಣೀರು ಸುರಿಸುವ ಕಥೆ, ಆದರೆ ಕಪ್ಪಗಿರುವ ಕಲಾವಿದೆಗೆ ಅದರಲ್ಲೂ ಕೆಲಸವಿಲ್ಲ.

ಇಂಗ್ಲೆಂಡಿನ ಬಿ.ಬಿ.ಸಿ. ಇದೇ ಆಟವನ್ನು ೧೯೫೮ರಿಂದ ೧೯೭೮ರವರೆಗೆ ಆಡಿತು. ‘ಬ್ಲ್ಯಾಕ್ ಅಂಡ್ ವೈಟ್ ಮಿನ್‌ಸ್ಟ್ರೆಲ್ ಶೋ’ ಎಂಬ ಕಾರ್ಯಕ್ರಮದಲ್ಲಿ ಬಿಳಿಯರು ಮುಖಕ್ಕೆ ಕಪ್ಪು ಬಳಿದುಕೊಂಡು ಹಾಡಿ ಕುಣಿದರು. ೧೯೬೭ರಲ್ಲಿ ಜನಾಂಗ ಭೇದದ ವಿರುದ್ಧ ಹೋರಾಡುತ್ತಿದ್ದ ಸಂಘಟನೆ ಬಿ.ಬಿ.ಸಿ.ಗೆ ಮನವಿ ಕೊಟ್ಟಿತು. ‘ಜನ ಇಷ್ಟಪಡುತ್ತಾರೆ’ ಎಂಬ ನೆಪದ ಮೇಲೆ ಅದು ಮತ್ತೆ ಹನ್ನೊಂದು ವರ್ಷ ನಡೆಯಿತು. ಈ ನೆಪವನ್ನು ನೀವು ಎಲ್ಲೋ ಕೇಳಿದಂತಿದೆಯಲ್ಲವೇ?

ಚಿಂಚೋಳಿ, ಚಿತ್ತಾಪುರದ ತಾಂಡಾಗಳ ಲಂಬಾಣಿಗಳನ್ನು ನೆನೆಯಿರಿ. ಅವರ ಕನ್ನಡಿ ಹೊಲಿದ ಲಂಗ, ರವಿಕೆ, ದಂತದ ಬಳೆ ಟಿ.ವಿ.ಗೆ ಬಲು ಇಷ್ಟ. ಉತ್ಸವದ ಮೆರವಣಿಗೆ, ರಿಯಾಲಿಟಿ ಶೋದ ಕುಣಿತ, ಅಲ್ಲಿಗೆ ಸರಿ. ತಾಂಡಾದಿಂದ ಓದಿ ಬಂದು ಬ್ಯಾಂಕಿನಲ್ಲಿ ಕೂತವಳು, ಮನೆಯಲ್ಲಿ ಗೋರ್ ಬೋಲಿ, ಕಚೇರಿಯಲ್ಲಿ ಕನ್ನಡ ಆಡುವವಳು ಧಾರಾವಾಹಿಯ ನಾಯಕಿಯಾಗಬಾರದೇ? ಬಟ್ಟೆ ಬೇಕು, ಅದನ್ನು ತೊಟ್ಟವಳು ಬೇಡ.

ಇಲ್ಲಿ ನಮ್ಮದೇ ಚಳವಳಿಯ ಅಂಗಳಕ್ಕೂ ಒಂದು ಕಲ್ಲು ಬೀಳಬೇಕು. ೧೯೯೪ರ ಅಕ್ಟೋಬರ್ ೨ರಂದು ಬೆಂಗಳೂರು ದೂರದರ್ಶನ ಹತ್ತು ನಿಮಿಷದ ಉರ್ದು ವಾರ್ತೆ ಶುರು ಮಾಡಿತು. ಪ್ರತಿಭಟನೆ ಗಲಭೆಯಾಯಿತು, ಇಪ್ಪತ್ತಕ್ಕೂ ಹೆಚ್ಚು ಜೀವ ಹೋದವು. ವಾರ್ತೆ ನಿಂತಿತು. ಕನ್ನಡಕ್ಕೆ ಏನು ಸಿಕ್ಕಿತು? ಸಮಯ ಕೊಡುವುದಿದ್ದರೆ ಮೊದಲು ಕನ್ನಡಕ್ಕೆ ಕೊಡಿ ಎಂದು ಕೇಳುವುದು ನ್ಯಾಯ. ಪಕ್ಕದ ಮನೆಯವನ ಮೇಲೆ ಕೈ ಎತ್ತುವುದು ಯಾವ ನ್ಯಾಯ? ಶಹಾಬಾದದ ಸಂತೆಗೆ ಹೋಗಿ ನೋಡಿ. ಮನೆಯಲ್ಲಿ ದಖನಿ ಆಡುವ ಮುಸ್ಲಿಂ ಕಾಕಾ ಗಿರಾಕಿಯ ಜೊತೆ ಅಚ್ಚ ಕಲಬುರಗಿ ಕನ್ನಡದಲ್ಲಿ ಚೌಕಾಸಿ ಮಾಡುತ್ತಾನೆ. ಅವನ ಕನ್ನಡದಲ್ಲಿ ‘ಖರೇ’ ಇದೆ, ‘ಥೋಡೆ’ ಇದೆ, ಸೇಡಂ ಕಡೆ ಹೋದರೆ ತೆಲುಗಿನ ಎಳೆಯಿದೆ, ಮರಾಠಿಯ ನೂಲಿದೆ. ಇದು ಕೆಟ್ಟ ಕನ್ನಡವಲ್ಲ, ನಾಲ್ಕು ಭಾಷೆಗಳ ಗಡಿಯಲ್ಲಿ ನಿಂತು ಬದುಕಿ ಉಳಿದ ಕನ್ನಡ. ಉರ್ದು ವಾರ್ತೆಯ ವಿರುದ್ಧ ಆಗ ಬೀದಿಗಿಳಿದವರಲ್ಲಿ ಎಷ್ಟು ಮಂದಿ ಈ ಕನ್ನಡ ಟಿ.ವಿ.ಯಲ್ಲಿ ಯಾಕಿಲ್ಲ ಎಂದು ಕೇಳಿದ್ದಾರೆ?

೨೦೧೪ರಲ್ಲಿ ಗುಲಬರ್ಗಾ ಕಲಬುರಗಿಯಾಯಿತು. ೨೦೧೯ರಲ್ಲಿ ಹೈದರಾಬಾದ್ ಕರ್ನಾಟಕ ಕಲ್ಯಾಣ ಕರ್ನಾಟಕವಾಯಿತು. ೨೦೨೧ರಲ್ಲಿ ಪ್ರಸಾರ ಭಾರತಿ ದೇಶದಾದ್ಯಂತ ಹಳೆಯ ತಂತ್ರಜ್ಞಾನದ ಟ್ರಾನ್ಸ್‌ಮಿಟರುಗಳನ್ನು ಆರಿಸುತ್ತ ಬಂದಾಗ ಕಲಬುರಗಿಯ ಸರದಿಯೂ ಬಂತು. ಕಾರ್ಯಕ್ರಮ ತಯಾರಿಕೆ ನಿಲ್ಲುವುದಿಲ್ಲ, ಚಂದನದಲ್ಲಿ ಜಾಗ ಸಿಗುತ್ತದೆ ಎಂಬ ಸಮಾಧಾನದ ಮಾತು ದೆಹಲಿಯಿಂದ ಬಂತು. ಸಮಾಧಾನವನ್ನು ನಿಮಿಷಗಳಲ್ಲಿ ಅಳೆಯಬೇಕು. ಚಂದನದಲ್ಲಿ ದಿನಕ್ಕೆ ಎಷ್ಟು ನಿಮಿಷ ಕಲಬುರಗಿಯದು, ಅದರಲ್ಲಿ ಎಷ್ಟು ನಿಮಿಷ ಅಲ್ಲಿನ ಮಾತಿನಲ್ಲಿ? ಈ ಪ್ರಶ್ನೆಯನ್ನು ಮಾಹಿತಿ ಹಕ್ಕಿನ ಅರ್ಜಿಯಲ್ಲಿ ಹತ್ತು ರೂಪಾಯಿ ಕಟ್ಟಿ ಯಾರು ಬೇಕಾದರೂ ಕೇಳಬಹುದು.

ಹಾಳೆ, ಪೆನ್ನು ಹಿಡಿದು ಟಿ.ವಿ. ಮುಂದೆ ಕೂರಿ ಎಂದದ್ದು ತಮಾಷೆಗಲ್ಲ. ಅಮೆರಿಕದ ಮಿಸಿಸಿಪ್ಪಿ ರಾಜ್ಯದ ಜಾಕ್ಸನ್ ಊರಿನಲ್ಲಿ ಡಬ್ಲ್ಯು.ಎಲ್.ಬಿ.ಟಿ. ಎಂಬ ಟಿ.ವಿ. ಕೇಂದ್ರ ಇತ್ತು. ಅದರ ವ್ಯಾಪ್ತಿಯ ಜನರಲ್ಲಿ ಸುಮಾರು ಶೇಕಡಾ ೪೫ ಮಂದಿ ಕಪ್ಪು ಜನ. ತೆರೆಯ ಮೇಲೆ ಅವರಿಗೆ ಜಾಗವಿರಲಿಲ್ಲ, ಅವರ ಹೋರಾಟದ ಸುದ್ದಿಯನ್ನು ಮುಚ್ಚಿಹಾಕುತ್ತಿದ್ದರು. ೧೯೬೪ರಲ್ಲಿ ಕೆಲವು ಸ್ವಯಂಸೇವಕರು ಗುಟ್ಟಾಗಿ ಒಂದು ವಾರ ಪೂರ್ತಿ ಕೂತು ಆ ಕೇಂದ್ರದ ಪ್ರಸಾರ ನೋಡಿ ಟಿಪ್ಪಣಿ ಮಾಡಿದರು. ಆ ಟಿಪ್ಪಣಿಯ ಬಲದಿಂದ ಯುನೈಟೆಡ್ ಚರ್ಚ್ ಆಫ್ ಕ್ರೈಸ್ಟ್ ಸಂಸ್ಥೆ, ಊರಿನ ಕಪ್ಪು ನಾಯಕರ ಜೊತೆಗೂಡಿ, ಲೈಸೆನ್ಸ್ ನವೀಕರಿಸಬೇಡಿ ಎಂದು ತಕರಾರು ಹಾಕಿತು. ನೋಡುಗರಿಗೆ ಕೇಳುವ ಹಕ್ಕೇ ಇಲ್ಲ ಎಂದಿತು ಸರ್ಕಾರದ ಆಯೋಗ. ಹಕ್ಕು ಇದೆ ಎಂದು ೧೯೬೬ರಲ್ಲಿ ಕೋರ್ಟು ಹೇಳಿತು. ೧೯೬೯ರಲ್ಲಿ ಲೈಸೆನ್ಸೇ ಹೋಯಿತು!

ನಮ್ಮ ದೇಶದಲ್ಲೂ ಕಾನೂನು ಇದೆ, ಓದುವವರಿಲ್ಲ. ೧೯೯೪ರ ಕೇಬಲ್ ಟೆಲಿವಿಷನ್ ಜಾಲ ನಿಯಮಗಳ ೬ನೇ ನಿಯಮ ಎಂದರೆ ಕಾರ್ಯಕ್ರಮ ಸಂಹಿತೆ. ಯಾವುದೇ ಜನಾಂಗ, ಭಾಷೆ, ಪ್ರದೇಶದ ಜನರನ್ನು ಹೀಯಾಳಿಸುವ, ವ್ಯಂಗ್ಯ ಮಾಡುವ, ಕೀಳಾಗಿ ಕಾಣುವ ದೃಶ್ಯವಾಗಲಿ ಮಾತಾಗಲಿ ಪ್ರಸಾರವಾಗಕೂಡದು ಎಂದು ಅದರಲ್ಲಿ ಸ್ಪಷ್ಟವಾಗಿದೆ. ೨೦೨೧ರ ತಿದ್ದುಪಡಿಯ ಪ್ರಕಾರ ನೋಡುಗರು ನೇರವಾಗಿ ಚಾನೆಲ್ಲಿಗೆ ದೂರು ಕೊಡಬಹುದು. ೨೪ ಗಂಟೆಯೊಳಗೆ ದೂರು ಮುಟ್ಟಿತೆಂದು ಅವರು ತಿಳಿಸಬೇಕು, ೧೫ ದಿನದೊಳಗೆ ತೀರ್ಮಾನ ಹೇಳಬೇಕು. ಹೇಳದಿದ್ದರೆ ಪ್ರಸಾರಕರ ಸ್ವನಿಯಂತ್ರಣ ಮಂಡಳಿಗೆ ಹೋಗಬಹುದು, ಅದರ ಮೇಲೆ ಕೇಂದ್ರ ಸರ್ಕಾರದ ಹಂತವಿದೆ.

ಆದ್ದರಿಂದ, ಹಾಸ್ಟೆಲಿನಲ್ಲಿ, ಪಿ.ಜಿ.ಯಲ್ಲಿ, ಬಾಡಿಗೆ ರೂಮಿನಲ್ಲಿ ಐದಾರು ಮಂದಿ ಸೇರಿ. ಕಲಬುರಗಿ ಕಡೆಯ ಗೆಳೆಯನೊಬ್ಬನನ್ನು ಜೊತೆಗೆ ಕೂರಿಸಿಕೊಳ್ಳಿ. ಯಾವುದು ನಗು, ಯಾವುದು ಅವಮಾನ ಎಂದು ಅವನಿಗೆ ನಿಮಗಿಂತ ಚೆನ್ನಾಗಿ ಗೊತ್ತು. ಒಂದು ವಾರ ನೋಡಿ. ಧಾರಾವಾಹಿಯ ಹೆಸರು, ತಾರೀಖು, ಗಂಟೆ, ಪಾತ್ರ, ಆಡಿದ ಮಾತು ಇದ್ದದ್ದು ಇದ್ದಂತೆ ಬರೆದುಕೊಳ್ಳಿ. ನಿಮ್ಮ ಬೈಗುಳ ಸೇರಿಸಬೇಡಿ. ದೂರಿನ ಪ್ರತಿ ಇಟ್ಟುಕೊಂಡು ಹದಿನೈದು ದಿನ ಎಣಿಸಿ. ದೂರನ್ನು ಕನ್ನಡದಲ್ಲೇ ಬರೆಯಿರಿ, ನಿಮ್ಮೂರು ಸೇಡಮ್ಮಾಗಿದ್ದರೆ ಸೇಡಮ್ಮಿನ ಕನ್ನಡದಲ್ಲೇ ಬರೆಯಿರಿ. ಅರ್ಥವಾಗಲಿಲ್ಲ ಎಂದು ಚಾನೆಲ್ಲಿನವರು ಉತ್ತರ ಕೊಟ್ಟರೆ ಆ ಉತ್ತರವನ್ನು ನಮಗೆ ಕಳಿಸಿ, ಮುಖಪುಟದಲ್ಲಿ ಅಚ್ಚು ಹಾಕುತ್ತೇವೆ.